ಹಾಯುವ ಮಾತು: ಹೊಳೆಯಿಂದ ಹೆದ್ದಾರಿಯವರೆಗೆ

‘ಲಾರಿ ಹಾಯ್ದು ಪಾದಚಾರಿ ಸಾವು’, ‘ಟ್ರ್ಯಾಕ್ಟರ್ ಹಾಯ್ದು ಸೈಕಲ್ ಸವಾರನಿಗೆ ಗಾಯ’: ಬಾಗಲಕೋಟೆ, ವಿಜಯಪುರ, ಬೆಳಗಾವಿ ಸೀಮೆಯ ಸುದ್ದಿಪುಟಗಳಲ್ಲಿ ಈ ಬಗೆಯ ತಲೆಬರಹಗಳು ಮತ್ತೆ ಮತ್ತೆ ಕಾಣುತ್ತವೆ. ಚಿಮ್ಮಡದಿಂದ ಮಹಾಲಿಂಗಪುರಕ್ಕೋ ಬನಹಟ್ಟಿಗೋ ಹೋಗುವ ದಾರಿಯಲ್ಲಿ ಪೆಟ್ಟು ತಿಂದವನನ್ನು ದವಾಖಾನೆಗೆ ತಂದವರು ಹೇಳುವುದೂ ಇದೇ ಮಾತು: ‘ಗಾಡಿ ಹಾಯ್ತರಿ.’ ಸಾವುನೋವಿನ ಆ ಗಳಿಗೆಯಲ್ಲಿ ಯಾರೂ ಪದವನ್ನು ಆರಿಸಿ ಆಡುವುದಿಲ್ಲ. ತಾನಾಗಿ ನಾಲಿಗೆಗೆ ಬರುವ ಪದವೇ ಆಗ ಬರುತ್ತದೆ. ಹಾಗೆ ಬರುವ ಈ ‘ಹಾಯ್’ ಎಂಬ ಪುಟ್ಟ ಧಾತುವಿನ ಬೆನ್ನು ಹತ್ತಿದರೆ, ಪದಪ್ರಿಯರಾದ ನಮಗೆ ಹೊಳೆ, ಹೊಲ, ಹೋರಿ, ಕೆಂಡ, ಹೆದ್ದಾರಿ ಎಲ್ಲವೂ ಒಂದೇ ಸಾಲಿನಲ್ಲಿ ಸಿಗುತ್ತವೆ. ಕೊನೆಗೆ ಆಸ್ಪತ್ರೆಯ ಕಡತದ ಅಂಕೆಗಳೂ ಸಿಗುತ್ತವೆ.

ಹಳಗನ್ನಡದಲ್ಲಿ ಇದು ‘ಪಾಯ್’. ಪಾಲ್ ಹಾಲಾದಂತೆ, ಪೂ ಹೂವಾದಂತೆ, ಪೋಗು ಹೋಗಾದಂತೆ, ನಡುಗನ್ನಡಕ್ಕೆ ಬರುವ ಹೊತ್ತಿಗೆ ಪಾಯ್ ಹಾಯ್ ಆಯಿತು. ಪಾಯ್ದು ಎಂಬುದು ಹಾಯ್ದು ಆಗಿ, ಯಕಾರ ಸವೆದು ಹಾದು ಆಯಿತು. ‘ಹಾದುಹೋಗು’ ಎನ್ನುವಾಗ ನಾವು ಆಡುವುದು ಅದೇ ಸವೆದ ರೂಪ. ನೆಗೆ, ಚಿಮ್ಮು, ಮೇಲೆರಗು, ದಾಟು ಎಂಬ ಅರ್ಥಗಳು ಹಳಬರ ಕಾಲದಲ್ಲೇ ಒಂದರೊಳಗೊಂದು ಸೇರಿಕೊಂಡಿದ್ದವು. ತಮಿಳಿನ ಪಾಯ್ ಕೂಡ ನೆಗೆಯುತ್ತದೆ, ಮೇಲೆ ಬೀಳುತ್ತದೆ, ನೀರಾಗಿ ಹರಿಯುತ್ತದೆ. ಮಲಯಾಳದಲ್ಲಿ ಪಾಯುಕ ಎಂದರೆ ಓಡುವುದು. ತಡೆಯಿಲ್ಲದೆ ಮುನ್ನುಗ್ಗುವ ಚಲನೆ, ಅದು ನೀರಿನದಾಗಲಿ ಪ್ರಾಣಿಯದಾಗಲಿ, ಈ ಧಾತುವಿನ ತಿರುಳು. ದೋಣಿಗೆ ಕಟ್ಟುವ ಹಾಯಿ ಮಾತ್ರ ಬೇರೆ ಕುಲದ್ದು. ತಮಿಳಿನಲ್ಲಿ ಚಾಪೆಗೂ ಹಾಯಿಗೂ ಪಾಯ್ ಎನ್ನುತ್ತಾರೆ, ಅದರ ನಂಟು ಆ ಕಡೆಗೆ.

ಈ ತಿರುಳಿನಿಂದ ಎಷ್ಟು ಕವಲುಗಳು ಒಡೆದಿವೆ ನೋಡಿ. ತುಂಬಿದ ಹೊಳೆಯನ್ನು ಹಾಯುತ್ತೇವೆ. ದೂರಕ್ಕೆ ಕಣ್ಣು ಹಾಯಿಸುತ್ತೇವೆ. ವೀರಭದ್ರನ ಜಾತ್ರೆಯಲ್ಲಿ ಪುರವಂತರು ಅಗ್ನಿ ಹಾಯುತ್ತಾರೆ. ಹಳೆಯ ಮೈಸೂರು ಸೀಮೆಯಲ್ಲಿ ಸಂಕ್ರಾಂತಿಯ ಸಂಜೆ ದನಗಳಿಗೆ ಕಿಚ್ಚು ಹಾಯಿಸುತ್ತಾರೆ. ಸಿಟ್ಟಿನ ಎತ್ತು ಕೋಡು ತಗ್ಗಿಸಿ ಬಂದರೆ ‘ಹಾಯಾಕ ಬಂತು’ ಎನ್ನುತ್ತಾರೆ, ಕೋಡಿನಿಂದ ತಿವಿದರೆ ‘ಹಾಯ್ತು’ ಎನ್ನುತ್ತಾರೆ. ಹೊಲಕ್ಕೆ ನೀರು ಬಿಡುವುದು ನೀರು ಹಾಯಿಸುವುದು. ತಮಿಳರೂ ಇದಕ್ಕೆ ನೀರ್ ಪಾಯ್ಚ್ಚು ಎನ್ನುವುದರಿಂದ, ಬೇಸಾಯದ ಈ ಬಳಕೆ ಎರಡೂ ನುಡಿಗಳಿಗೆ ಸೇರಿದ ಸಂಪತ್ತು ಎಂಬುದು ಗೊತ್ತಾಗುತ್ತದೆ. ವಿಭಕ್ತಿಯ ಸೂಕ್ಷ್ಮವೊಂದನ್ನು ಇಲ್ಲಿಯೇ ಗುರುತಿಸಿಕೊಳ್ಳೋಣ. ‘ಹೊಳೆಯನ್ನು ಹಾಯ್ದ’ ಎಂಬಲ್ಲಿ ಹೊಳೆ ದ್ವಿತೀಯೆಯಲ್ಲಿದೆ, ಹಾಯುವವನಿಗೆ ಅಪಾಯವಿರಬಹುದು, ಹೊಳೆಗೆ ಏನೂ ಆಗುವುದಿಲ್ಲ. ‘ಅವನಿಗೆ ಎತ್ತು ಹಾಯ್ತು’ ಎಂಬಲ್ಲಿ ಮನುಷ್ಯ ಚತುರ್ಥಿಗೆ ಬಂದಿದ್ದಾನೆ, ಪೆಟ್ಟು ಅವನ ಪಾಲಿನದು. ಧಾತು ಒಂದೇ, ನೋವು ಯಾರದೆಂದು ಹೇಳುವುದು ವಿಭಕ್ತಿ.

ಕೃಷ್ಣೆ ಘಟಪ್ರಭೆಗಳ ನಡುವಿನ ಈ ನೆಲದಲ್ಲಿ ನೀರು ಹಾಯಿಸುವುದಕ್ಕೆ ದೊಡ್ಡ ಕಥೆಯೇ ಇದೆ. ಜಮಖಂಡಿ ತಾಲ್ಲೂಕಿನ ಚಿಕ್ಕಪಡಸಲಗಿಯಲ್ಲಿ ಸಿದ್ದು ನ್ಯಾಮಗೌಡರ ಮುಂದಾಳುತನದಲ್ಲಿ ರೈತರೇ ದುಡ್ಡು ಕೂಡಿಸಿ, ಮೈಮುರಿದು ದುಡಿದು 1989ರಲ್ಲಿ ಕಟ್ಟಿದ ಬ್ಯಾರೇಜಿಗೆ ‘ಶ್ರಮಬಿಂದು ಸಾಗರ’ ಎಂದು ಹೆಸರು. ಕಾಲುವೆ, ಏತ ನೀರಾವರಿ, ಕೊಳವೆಬಾವಿಗಳಿಂದ ನೀರು ಹಾಯಿಸಿದಂತೆ ಜೋಳದ ಹೊಲಗಳು ಕಬ್ಬಿನ ಗದ್ದೆಗಳಾದವು. ಕಬ್ಬಿನ ಹಿಂದೆ ಸಕ್ಕರೆ ಕಾರ್ಖಾನೆಗಳು, ಕಾರ್ಖಾನೆಗಳ ಹಿಂದೆ ಎರಡೆರಡು ಡಬ್ಬಿ ಎಳೆಯುವ ಟ್ರ್ಯಾಕ್ಟರುಗಳು ಬಂದವು. ಹಂಗಾಮಿನ ರಾತ್ರಿಗಳಲ್ಲಿ ಕಿರಿದಾದ ಹಳ್ಳಿದಾರಿಯ ಅಂಚಿನಲ್ಲಿ ನಡೆದು ಹೋಗುವವನಿಗೆ, ದೀಪವಿಲ್ಲದ ಸೈಕಲ್ಲಿನವನಿಗೆ, ಈ ಸಾಲುಸಾಲು ಹೇರುಗಳೇ ಭಯ. ಹೊಲಕ್ಕೆ ನೀರು ಹಾಯಿಸಿದ ಕ್ರಿಯಾಪದವೇ ರಸ್ತೆಯಲ್ಲಿ ಟ್ರ್ಯಾಕ್ಟರ್ ಹಾಯ್ದದ್ದಕ್ಕೂ ಒದಗಿತು. ಎತ್ತು ಹಾಯುವುದನ್ನು ಕಂಡಿದ್ದ ಜನ ಯಂತ್ರ ಮೈಮೇಲೆ ಬಂದಾಗ ಹೊಸ ಪದ ಹುಡುಕಲಿಲ್ಲ. ಚತುರ್ಥಿ ಸಮೇತ ಹಳೆಯದನ್ನೇ ಅದಕ್ಕೆ ಕೊಟ್ಟರು.

ಬೇರೆ ಸೀಮೆಗಳಲ್ಲಿ ಬೇರೆ ಪದಗಳು ಈ ಜಾಗಕ್ಕೆ ಬಂದಿವೆ. ತೆಂಕಣ ಜಿಲ್ಲೆಗಳಲ್ಲಿ ‘ಬಸ್ ಹರಿದು’ ಎಂಬ ಬಳಕೆ ಹೆಚ್ಚು. ಅದು ಬಟ್ಟೆ ಹರಿಯುವ ಹರಿ ಅಲ್ಲ. ಆ ಹರಿ ಹಿಂದೆ ಶಕಟರೇಫವಿದ್ದ ಪಱಿ. ಓಡು, ಪ್ರವಹಿಸು ಎಂಬ ಅರ್ಥದ ಪರಿ ಇಲ್ಲಿಯದು; ಱಕಾರ ಮರೆಯಾದಾಗ ಇವೆರಡೂ ಒಂದೇ ಉಚ್ಚಾರಕ್ಕೆ ಬಂದು ನಿಂತವು. ಹಾಗಾಗಿ ಹರಿಯುವ ಬಸ್ಸಾಗಲಿ ಹಾಯುವ ಲಾರಿಯಾಗಲಿ ಕನ್ನಡಿಗರ ಬಾಯಲ್ಲಿ ನೀರಿನಂತೆಯೇ ಬರುತ್ತದೆ. ಇನ್ನು ‘ಡಿಕ್ಕಿ’, ಕರಾವಳಿಯ ಪತ್ರಿಕೆಗಳಲ್ಲಿ ಮಹಾಪ್ರಾಣ ಹೊತ್ತ ‘ಢಿಕ್ಕಿ’, ಟಗರುಗಳ ಕಾಳಗದ ಮಾತು. ಎರಡು ತಲೆಗಳು ಸಮಸಮನಾಗಿ ಗುದ್ದಿಕೊಳ್ಳುವುದು ಅದರ ಚಿತ್ರ. ಕಾರಿಗೆ ಕಾರು ಡಿಕ್ಕಿಯಾಗುವುದು ಸರಿ. ಬರಿಗಾಲಲ್ಲಿ ನಡೆಯುವ ಮುದುಕನಿಗೂ ಹದಿನಾರು ಟನ್ನಿನ ಲಾರಿಗೂ ಡಿಕ್ಕಿ ಎಂದರೆ ಸರಿಸಮರಲ್ಲದವರನ್ನು ಸಮಮಾಡಿದಂತೆ. ಹಾಯ್ ಹಾಗೆ ಮಾಡುವುದಿಲ್ಲ. ನುಗ್ಗಿದ್ದು ಯಾವುದು, ಸಹಿಸಿದವನು ಯಾರು ಎಂಬುದನ್ನು ಅದು ಬೇರೆಬೇರೆಯಾಗಿ ಇಡುತ್ತದೆ.

ಗಾಯಕ್ಕೂ ಅದರ ಕಾರಣಕ್ಕೂ ಅಕ್ಷರ-ಅಂಕೆಗಳ ಗುರುತು ಕೊಡುವ ಆಸ್ಪತ್ರೆಯ ಕೋಡಿಂಗ್ ಕೇಳುವುದೂ ಇದನ್ನೇ. ವಿಶ್ವ ಆರೋಗ್ಯ ಸಂಸ್ಥೆಯ ರೋಗ ವರ್ಗೀಕರಣದ ಹತ್ತನೆಯ ಪರಿಷ್ಕರಣೆ, ಐಸಿಡಿ-10, 1990ರಲ್ಲಿ ಒಪ್ಪಿತವಾದದ್ದು; ಅದರಲ್ಲಿ ಸಾರಿಗೆ ಅಪಘಾತಗಳಿಗೆ ‘ವಿ’ ಅಕ್ಷರದ ಕೋಡುಗಳಿವೆ. ಪಾದಚಾರಿಗೆ ವಿ01ರಿಂದ ವಿ09, ಸೈಕಲ್ ಸವಾರನಿಗೆ ವಿ10ರಿಂದ ವಿ19. ಇವುಗಳ ಕಟ್ಟಡವನ್ನು ವ್ಯಾಕರಣದ ಕಣ್ಣಿಂದ ನೋಡಿದರೆ ಸಂತೋಷವಾಗುತ್ತದೆ. ಅಕ್ಷರದ ನಂತರದ ಮೊದಲ ಅಂಕೆ ಚತುರ್ಥಿ: ಸೊನ್ನೆಯಾದರೆ ನಡೆಯುವವನಿಗೆ, ಒಂದಾದರೆ ಸೈಕಲ್ಲಿನವನಿಗೆ. ಮುಂದಿನ ಅಂಕೆ ಪ್ರಥಮೆ: 1 ಆದರೆ ಸೈಕಲ್ಲು, 2 ಆದರೆ ಎರಡು ಅಥವಾ ಮೂರು ಗಾಲಿಯ ಮೋಟಾರು ವಾಹನ, 3 ಆದರೆ ಕಾರು ವ್ಯಾನುಗಳು, 4 ಆದರೆ ಲಾರಿ ಬಸ್ಸುಗಳು, 5 ಆದರೆ ರೈಲು, 6 ಆದರೆ ಚಕ್ಕಡಿಯಂಥ ಮೋಟಾರಿಲ್ಲದ ವಾಹನ. ಬಿಂದುವಿನ ಆಚೆಯದು ಸಪ್ತಮಿ: ಸಾರ್ವಜನಿಕ ರಸ್ತೆಯಲ್ಲೋ, ಅದರ ಹೊರಗೋ. ‘ರಸ್ತೆಯಲ್ಲಿ ಪಾದಚಾರಿಗೆ ಲಾರಿ ಹಾಯ್ತು’ ಎಂಬ ವಾಕ್ಯ ವಿ04.1 ಆಗುತ್ತದೆ. ಸೈಕಲ್ಲಿನವನಾದರೆ ಆ ಬಿಂದುವಿನ ಆಚೆಗೆ ಇನ್ನೊಂದು ವಿವರವೂ ಸೇರುತ್ತದೆ: ರಸ್ತೆಯಲ್ಲಿ ಬೈಕು ಹಾಯ್ದಾಗ ಪೆಡಲ್ ತುಳಿಯುತ್ತಿದ್ದವನಿಗೆ ವಿ12.4, ಡಬಲ್ ಸೀಟಿನಲ್ಲಿ ಹಿಂದೆ ಕೂತವನಿಗೆ ವಿ12.5. 2022ರಿಂದ ಜಾರಿಯಲ್ಲಿರುವ ಹನ್ನೊಂದನೆಯ ಪರಿಷ್ಕರಣೆ ಅಕ್ಷರಗಳನ್ನು ಬದಲಿಸಿದೆಯಾದರೂ ಗಾಯಗೊಂಡವನನ್ನೇ ಮೊದಲು ಹಿಡಿಯುವ ಕ್ರಮವನ್ನು ಬಿಟ್ಟಿಲ್ಲ.

ಪದಗಳ ಅರ್ಥ ಇಲ್ಲಿಯೂ ಜರುಗಿದೆ. ಪಾದಚಾರಿ ಎಂದರೆ ಕಾಲಿನಿಂದ ಚರಿಸುವವನು ಎಂದು ನಮ್ಮ ವಿಗ್ರಹವಾಕ್ಯ. ಐಸಿಡಿಯ ಪಾದಚಾರಿ ಆ ಗಳಿಗೆಯಲ್ಲಿ ಯಾವ ವಾಹನವನ್ನೂ ಯಾವ ಪ್ರಾಣಿಯನ್ನೂ ಏರಿರದವನು. ರಸ್ತೆ ಬದಿಯಲ್ಲಿ ಕೂತು ಟೈರು ಬದಲಿಸುವವನು, ಗಾಲಿಕುರ್ಚಿಯಲ್ಲಿ ಸಾಗುವವನು ಕೂಡ ಅಲ್ಲಿ ಪಾದಚಾರಿಗಳೇ. ‘ಗಾಡಿ’ಯದು ಇನ್ನೂ ಗೋಜಲು. ಎತ್ತಿನ ಗಾಡಿ, ರೈಲುಗಾಡಿ, ಕಾರು ಎಲ್ಲವೂ ಗಾಡಿಯೇ, ಇಂದಿನ ಹುಡುಗರಿಗೆ ಬೈಕೇ ಗಾಡಿ. ‘ಗಾಡಿ ಹಾಯ್ತರಿ’ ಎಂದಷ್ಟೇ ಬರೆದುಕೊಂಡರೆ ವಿ02, ವಿ03, ವಿ05, ವಿ06 ನಾಲ್ಕೂ ಬಾಗಿಲು ತೆರೆದೇ ಇರುತ್ತವೆ. ಟ್ರ್ಯಾಕ್ಟರನ್ನಂತೂ ಐಸಿಡಿ ಬೇಸಾಯದ ವಿಶೇಷ ವಾಹನವೆಂದು ಬೇರೆ ತೆಗೆದಿದೆ. ಅದು ನಡೆಯುವವನಿಗೆ ಹಾಯ್ದರೆ ವಿ09, ಅಂದರೆ ‘ಇತರ ಮತ್ತು ಅನಿರ್ದಿಷ್ಟ’ಗಳ ಗುಂಪು. ಕಬ್ಬಿನ ಸೀಮೆಯಲ್ಲಿ ದಿನನಿತ್ಯದ್ದಾದ ವಾಹನ ಜಗತ್ತಿನ ಪಟ್ಟಿಯಲ್ಲಿ ಇತರವಾಗಿದೆ. ಎತ್ತೇ ಹಾಯ್ದರೆ ವಿ ಬಿಟ್ಟು ಡಬ್ಲ್ಯೂ55ಕ್ಕೆ ಹೋಗಬೇಕು.

ಗಾಯಕ್ಕೆ ಬೇರೆಯದೇ ಸಾಲು ಇದೆ: ತೊಡೆಯೆಲುಬು ಮುರಿದರೆ ಎಸ್72, ತಲೆಯೊಳಗಿನ ಪೆಟ್ಟಿಗೆ ಎಸ್06. ಹೊಡೆ ಎಂಬರ್ಥದ ಹನ್ ಧಾತುವಿನಿಂದ ಘಾತ, ಅದರ ಪ್ರಾಕೃತ ರೂಪ ಘಾಯ, ಅದರಿಂದ ನಮ್ಮ ಗಾಯ. ಅಪಘಾತವೂ ಅದೇ ಘಾತದ ಕೂಸು. ಒಂದೇ ಬೇರಿನ ಈ ಎರಡು ಪದಗಳನ್ನು ಕೋಡಿಂಗ್ ಎರಡು ಅಧ್ಯಾಯಗಳಲ್ಲಿ ಇಟ್ಟಿದೆ, ಒಬ್ಬ ಗಾಯಾಳುವಿಗೆ ಎರಡನ್ನೂ ಬರೆಯಬೇಕೆನ್ನುತ್ತದೆ. ಸಾವಾದಾಗ ಮರಣದ ಮೂಲಕಾರಣವಾಗಿ ಎಣಿಕೆಗೆ ಬರುವುದು ಮುರಿದ ಎಲುಬಲ್ಲ, ಹಾಯ್ದ ವಾಹನದ ಕೋಡು. ‘ಲಾರಿ ಹಾಯ್ದು ಸತ್ತ’ ಎನ್ನುವ ಹಳ್ಳಿಯ ವಾಕ್ಯ ಆ ನಿಯಮವನ್ನು ಮೊದಲಿನಿಂದಲೂ ಪಾಲಿಸಿದೆ.

ಇಷ್ಟೆಲ್ಲ ಹೊತ್ತು ಬಂದ ಮಾತು ಕೇಸ್ ಪೇಪರಿನ ಮೇಲೆ ‘ಆರ್‌ಟಿಎ’ ಎಂಬ ಮೂರಕ್ಷರವಾದರೆ ಎಲ್ಲವೂ ಕಳೆದುಹೋಗುತ್ತದೆ. ರಸ್ತೆ ಅಪಘಾತ ಎಂಬುದಷ್ಟೇ ಗೊತ್ತಿದ್ದರೆ ಕೋಡ್ ಮಾಡುವವರು ವಿ89.2 ಎಂಬ ಹೆಸರಿಲ್ಲದ ಮೂಲೆಗೆ ಅದನ್ನು ಸೇರಿಸಬೇಕಾಗುತ್ತದೆ. ನಡೆಯುತ್ತಿದ್ದವರೆಷ್ಟು, ಸೈಕಲ್ ತುಳಿಯುತ್ತಿದ್ದವರೆಷ್ಟು, ಅವರಿಗೆ ಹಾಯ್ದದ್ದು ಏನು ಎಂಬ ಲೆಕ್ಕ ಸಿಗದ ಮೇಲೆ ಯಾವ ರಸ್ತೆಗೆ ಕಾಲುದಾರಿ ಬೇಕು, ಯಾವ ಹೇರಿಗೆ ಹಿಂದೀಪ ಬೇಕು ಎಂದು ಯಾರು ಹೇಳಬೇಕು? ಆದ್ದರಿಂದ ಕೇಸ್ ಪೇಪರ್ ಬರೆಯುವ ವೈದ್ಯರಲ್ಲಿ, ಸಿಸ್ಟರುಗಳಲ್ಲಿ, ಗಾಯಾಳುವಿನ ಜೊತೆ ಬರುವ ಮನೆಯವರಲ್ಲಿ ಒಂದು ಬಿನ್ನಹ: ಯಾರಿಗೆ, ಏನು, ಎಲ್ಲಿ ಹಾಯ್ತು ಎಂಬ ಮೂರನ್ನೂ ಹೇಳಿ, ಕೇಳಿ, ಬರೆಯಿರಿ.