ಹಾಸ್ಯನಟನ ಹಿಂದಿನ ಲೇಖನಿ

ಕನ್ನಡ ವೃತ್ತಿರಂಗಭೂಮಿಯ ಚರಿತ್ರೆಯಲ್ಲಿ ಹಾಸ್ಯನಟನಿಗೆ ಸಂದ ಮನ್ನಣೆ ಅವನ ಮಾತುಗಳನ್ನು ಬರೆದುಕೊಟ್ಟ ಕವಿಗೆ ಸಂದಿಲ್ಲ. ‘ಸದಾರಮೆ’ಯ ಕಳ್ಳನೆಂದೊಡನೆ ನೆನಪಾಗುವವರು ಗುಬ್ಬಿ ವೀರಣ್ಣನವರು. 1935ರಲ್ಲಿ ಚಲನಚಿತ್ರವೂ ಆದ ಆ ನಾಟಕದ ಕರ್ತೃ ಬೆಳ್ಳಾವೆ ನರಹರಿಶಾಸ್ತ್ರಿಗಳ ಹೆಸರು ಅಷ್ಟು ಸುಲಭವಾಗಿ ನಾಲಿಗೆಗೆ ಬರುವುದಿಲ್ಲ. ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನಾ’ಕ್ಕೆ (1934) ಮಾತು ಹೊಸೆದವರೂ ಅವರೇ ಎಂಬುದನ್ನು ನೆನೆದರೆ ಈ ಮರೆವು ಸೋಜಿಗವೆನಿಸುತ್ತದೆ.

ಇದಕ್ಕೆ ಕಂಪನಿ ನಾಟಕದ ರಚನೆಯೇ ಕಾರಣವೆಂದು ನನ್ನ ಅಭಿಪ್ರಾಯ. ಅರಮನೆ, ಕಾಡುಗಳ ಭಾರಿ ಸಜ್ಜಿಕೆಯನ್ನು ಹಿಂದೆ ಬದಲಿಸುವಾಗ ಮುಂದೆ ಬೀದಿಯ ಪರದೆಯನ್ನಿಳಿಸಿ ಹಾಸ್ಯದೃಶ್ಯವನ್ನು ಆಡಲಾಗುತ್ತಿತ್ತು. ಸಜ್ಜಿಕೆ ಸಿದ್ಧವಾಗದಿದ್ದರೆ ದೃಶ್ಯ ಬೆಳೆಯಬೇಕು, ಬೇಗ ಸಿದ್ಧವಾದರೆ ಮೊಟಕಾಗಬೇಕು. ಪ್ರೇಕ್ಷಕರು ನಕ್ಕ ಮಾತು ಮರುದಿನವೂ ಉಳಿಯುತ್ತಿತ್ತು, ನಗದ ಮಾತು ಉದುರಿಹೋಗುತ್ತಿತ್ತು. ಹೀಗೆ ಕವಿಯ ಹತ್ತು ಸಾಲು ನಟನ ಬಾಯಲ್ಲಿ ಅರ್ಧಗಂಟೆಯಾದಾಗ ಯಾವ ಮಾತು ಯಾರದೆಂದು ಬೇರ್ಪಡಿಸುವುದು ಕಷ್ಟ.

ಊರು ಬದಲಾದರೆ ಹಾಸ್ಯದ ನುಡಿಯೂ ಬದಲಾಗಬೇಕಾಗಿತ್ತು. 1956ರವರೆಗೆ ಹೈದರಾಬಾದ್ ರಾಜ್ಯದಲ್ಲಿದ್ದ ಬೀದರಿನ ಗಾಂಧಿ ಗಂಜದಂತಹ ಪೇಟೆಯಲ್ಲಿ ಕನ್ನಡ, ಮರಾಠಿ, ಉರ್ದು, ತೆಲುಗುಗಳು ಒಂದೇ ವ್ಯವಹಾರದೊಳಗೆ ಬೆರೆಯುತ್ತವೆ. ತುಮಕೂರು ಸೀಮೆಯ ಆಡುಮಾತಿನ ಶ್ಲೇಷೆ ಅಲ್ಲಿನ ದಲಾಲರಿಗಾಗಲಿ ಹಮಾಲರಿಗಾಗಲಿ ಬರೆದಂತೆಯೇ ತಟ್ಟಲಾರದು. ಅಂಥಲ್ಲಿ ನಟನು ತಿದ್ದುಗಾರನೂ ಆಗಲೇಬೇಕು.

ಆದುದರಿಂದ ಪಾತ್ರದ ಹಕ್ಕು ನಟಪರಂಪರೆಯಲ್ಲಿಯೇ ಉಳಿಯಿತು. ವೀರಣ್ಣನವರ ಮೊಮ್ಮಗಳು ಬಿ. ಜಯಶ್ರೀಯವರು ಮುಂದೆ ಅದೇ ಕಳ್ಳನ ಪಾತ್ರದಲ್ಲಿ ಹೆಸರು ಮಾಡಿದರು. ಕವಿಯೂ ನಟನೂ ಒಬ್ಬನೇ ಆದಲ್ಲಿ ಮಾತ್ರ ಈ ಪ್ರಶ್ನೆ ಏಳುವುದಿಲ್ಲ. ‘ಲಂಚಾವತಾರ’ದ ಮಾಸ್ಟರ್ ಹಿರಣ್ಣಯ್ಯನವರು (1934–2019) ಇದಕ್ಕೆ ನಿದರ್ಶನ. ಅಂದಿನ ರಾಜಕೀಯ ಸುದ್ದಿಯನ್ನು ಅಂದೇ ಸಂಭಾಷಣೆಗೆ ಸೇರಿಸುವ ಸ್ವಾತಂತ್ರ್ಯ ಅವರಿಗೆ ದಕ್ಕಿದ್ದು ಹೀಗೆ.

ಚಲನಚಿತ್ರದಲ್ಲಿ ಮಾತು ಒಮ್ಮೆ ಮುದ್ರಿತವಾದರೆ ಮುಗಿಯಿತು, ಹಿಗ್ಗಿಸುವಂತಿಲ್ಲ. ಆದರೂ ಲೇಖಕನ ಸ್ಥಾನ ಹೆಚ್ಚು ಬದಲಾಗಲಿಲ್ಲ. ‘ಬೇಡರ ಕಣ್ಣಪ್ಪ’ದ (1954) ಬರವಣಿಗೆ ಗುಬ್ಬಿ ಕಂಪನಿಯಲ್ಲಿಯೇ ಪಳಗಿದ ಜಿ. ವಿ. ಅಯ್ಯರ್ ಅವರದು, ಅವರು ಅದರಲ್ಲಿ ನಟಿಸಿಯೂ ಇದ್ದರು. ಆ ಚಿತ್ರದಿಂದ ಬೆಳಕಿಗೆ ಬಂದ ನರಸಿಂಹರಾಜು ಅವರನ್ನು ನಾಡು ಹಾಸ್ಯಚಕ್ರವರ್ತಿಯೆಂದು ಕರೆಯಿತು. ಅಯ್ಯರ್ ಅವರನ್ನಾದರೋ ಇಂದಿನ ಓದುಗರು ಬಹುಮಟ್ಟಿಗೆ 1983ರ ಸಂಸ್ಕೃತ ಚಿತ್ರ ‘ಆದಿ ಶಂಕರಾಚಾರ್ಯ’ದ ನಿರ್ದೇಶಕರೆಂದೇ ಗುರುತಿಸುತ್ತಾರೆ.