ನೆಲದಡಿಯ ಗಾಡಿ, ಮೂರು ಪೆನ್ನಿಯ ಟಿಕೀಟು

ಲಂಡನ್ನಿನ ಸುರಂಗ ರೈಲಿನ ಚರಿತ್ರೆ ಬರೆದವರು ಬಹುಮಟ್ಟಿಗೆ ಇಂಜಿನಿಯರುಗಳ ಸಾಹಸವನ್ನು ವರ್ಣಿಸುತ್ತಾರೆ. ಅದು ಯುಕ್ತವೇ. ನನ್ನ ಕುತೂಹಲವೆಲ್ಲ ಅದರಲ್ಲಿ ಕುಳಿತು ದಿನದ ದುಡಿಮೆಗೆ ಹೋಗಿಬಂದವರನ್ನು ಕುರಿತದ್ದು.

ಈ ರೈಲಿಗಾಗಿ ವರ್ಷಗಟ್ಟಲೆ ಹೆಣಗಿದ ಚಾರ್ಲ್ಸ್ ಪಿಯರ್ಸನ್ ಇಂಜಿನಿಯರನಲ್ಲ, ವಕೀಲ. ಕೊಳಕು ಗಲ್ಲಿಗಳಲ್ಲಿ ಕಿಕ್ಕಿರಿದಿದ್ದ ಕೂಲಿಕಾರರು ಊರ ಹೊರಗೆ, ಗಾಳಿ ಬೆಳಕಿರುವೆಡೆ ನೆಲೆಸಿ, ಅಗ್ಗವಾಗಿ ಕೆಲಸಕ್ಕೆ ಬಂದುಹೋಗಬೇಕೆಂಬುದು ಆತನ ಹಂಬಲ. 1862ರಲ್ಲಿ ಆತ ತೀರಿಕೊಂಡ. 1863ರ ಜನವರಿ 10ರಂದು ಪ್ಯಾಡಿಂಗ್ಟನ್ನಿನಿಂದ ಫ್ಯಾರಿಂಗ್ಡನ್ನಿಗೆ, ಸುಮಾರು 6 ಕಿಲೋಮೀಟರಿನ ಮಾರ್ಗ ತೆರೆಯಿತು. ವಿಪರ್ಯಾಸವೆಂದರೆ, ಆ ಮಾರ್ಗಕ್ಕಾಗಿ ಅಗೆದಾಗ ಫ್ಲೀಟ್ ಕಣಿವೆಯಲ್ಲಿ ನೆಲಸಮವಾದದ್ದು ಅಂಥ ಬಡವರ ಮನೆಗಳೇ!

ಗಾಡಿಯನ್ನೆಳೆದದ್ದು ಉಗಿಯಂತ್ರ. ಸುರಂಗದ ತುಂಬ ಹೊಗೆ, ಗಂಧಕದ ಘಾಟು, ಒಳಗೆ ಅನಿಲದೀಪ, ಮೂರು ದರ್ಜೆಗಳು. 1864ರಲ್ಲಿ ಕಂಪನಿಯವರು ಬೆಳಗಿನ ಜಾವ ಕೂಲಿಕಾರರಿಗೆಂದೇ ಗಾಡಿ ಬಿಟ್ಟರು. ಹೋಗಿಬರಲು ಮೂರು ಪೆನ್ನಿ. ಉಳಿದ ವೇಳೆಯಲ್ಲಿ ಮೂರನೆಯ ದರ್ಜೆಯವನು ಈ ಕೊನೆಯಿಂದ ಆ ಕೊನೆಗೆ ಒಮ್ಮೆ ಹೋಗಲು ತೆರುತ್ತಿದ್ದಷ್ಟೇ ಹಣ. ಹೆನ್ರಿ ಮೇಹ್ಯೂ ಎಂಬ ಲೇಖಕ ಆ ಗಾಡಿಯನ್ನೇರಿ ಕೂಲಿಕಾರರನ್ನು ಮಾತನಾಡಿಸಿದ. ಮೈಲಿಗಟ್ಟಲೆ ನಡಿಗೆ ತಪ್ಪಿತೆಂದೂ, ಪೇಟೆಯಲ್ಲಿ ಒಂದು ಕೋಣೆಗೆ ಕೊಡುವ ಬಾಡಿಗೆಗೆ ಹೊರಗೆ ಎರಡು ದೊರೆತವೆಂದೂ ಅವರು ಹೇಳಿಕೊಂಡರು. ಆ ಎರಡನೆಯ ಕೋಣೆಯನ್ನು ನಾನು ಪಿಯರ್ಸನ್ನನ ಲೆಕ್ಕಕ್ಕೇ ಬರೆಯುತ್ತೇನೆ.

1890ರಲ್ಲಿ ಆಳದ ಸುರಂಗದಲ್ಲಿ ವಿದ್ಯುತ್ ಗಾಡಿ ಓಡಿತು. ಅಲ್ಲಿ ದರ್ಜೆಭೇದವಿರಲಿಲ್ಲ; ಎಷ್ಟು ದೂರಕ್ಕೂ ಎರಡು ಪೆನ್ನಿ. ಕಿಟಕಿಗಳು ಮಾತ್ರ ಕಿರಿದು; ನಿಲ್ದಾಣದ ಹೆಸರನ್ನು ಬಾಗಿಲು ಕಾಯುವವನು ಕೂಗಿ ಹೇಳಬೇಕು. ಹುಚ್ಚರನ್ನು ಕೂಡುವ ಮೆತ್ತೆಯ ಕೋಣೆಯೆಂದು ಜನ ಆ ಡಬ್ಬಿಗೆ ಅಡ್ಡಹೆಸರಿಟ್ಟರು.

ಟಿಕೀಟಿನ ನಿಜವಾದ ಬೆಲೆ ತಿಳಿದದ್ದು 1940ರ ಸೆಪ್ಟೆಂಬರಿನಲ್ಲಿ. ಜರ್ಮನ್ ವಿಮಾನಗಳು ಬಾಂಬಿನ ಮಳೆಗರೆಯತೊಡಗಿದಾಗ, ನಿಲ್ದಾಣಗಳು ಪ್ರಯಾಣಕ್ಕೇ ಹೊರತು ಆಶ್ರಯಕ್ಕಲ್ಲವೆಂದಿತು ಸರ್ಕಾರ. ಜನ ಅದರೊಡನೆ ವಾದಕ್ಕಿಳಿಯಲಿಲ್ಲ. ಅತ್ಯಂತ ಅಗ್ಗದ ಟಿಕೀಟು ಕೊಂಡು ಕೆಳಗಿಳಿದರು, ಮೇಲೆ ಬರಲಿಲ್ಲ. ಹಣ ತೆತ್ತವರನ್ನು ಹೊರದೂಡುವುದು ಹೇಗೆ? ಸರ್ಕಾರ ಮಣಿಯಿತು. ಆ ತಿಂಗಳ ಒಂದು ರಾತ್ರಿ 1,77,000 ಮಂದಿ ಅಲ್ಲಿ ಮಲಗಿದ್ದರೆಂದು ಎಣಿಕೆಯಿದೆ.

ಗಾಡಿಗಳೂ ನಿಲ್ಲಲಿಲ್ಲ. ಪ್ಲಾಟ್‌ಫಾರಂ ಮೇಲೆ ಎರಡು ಬಿಳಿಯ ಗೆರೆ ಎಳೆದರು. ಸಂಜೆ ಏಳೂವರೆಯವರೆಗೆ ಆಶ್ರಿತರು ಅಂಚಿನಿಂದ ಎಂಟಡಿ ದೂರವಿರಬೇಕು, ಆಮೇಲೆ ನಾಲ್ಕಡಿ. ಕಚೇರಿ ಮುಗಿಸಿದ ಗುಮಾಸ್ತರು ಕಂಬಳಿಗಳ ನಡುವೆ ಕಾಲೂರುತ್ತ ಗಾಡಿ ಹತ್ತುತ್ತಿದ್ದರು. ಕಡೆಯ ಗಾಡಿ ಹೋದ ಮೇಲೆ ಗೆರೆಯ ಗೊಡವೆಯಿಲ್ಲ, ಅಂಚಿನವರೆಗೂ ಮೈಚಾಚಬಹುದಾಗಿತ್ತು.