ಹೊಳೆಯ ಜಗಳ

ತಾಂಡವಪುರ ಸೀಮೆಯ ನಮಗೆ ಹೊಳೆ ಅಂದ್ರೆ ಕಪಿಲೆ. ತಿರುಮಕೂಡಲಿನಲ್ಲಿ ಅದು ಕಾವೇರಿ ಸೇರುತ್ತದೆ. ನೀರಿಗಾಗಿ ನೆರೆಯವರು ಕಿತ್ತಾಡಿದ್ದು ನಮ್ಮಲ್ಲಿ ಮಾತ್ರವಲ್ಲ. 1975ರಲ್ಲಿ ಸಿರಿಯಾದ ತಬ್ಕಾ ಅಣೆಕಟ್ಟು ತುಂಬುವಾಗ, ಯೂಫ್ರಟೀಸ್ ನೀರು ತಡೆದರೆಂದು ಕೆಳಗಿನ ಇರಾಕು ಕೂಗಿತು. ಇಬ್ಬರದೂ ಅರಬ್ಬಿ ಮಾತು, ಎರಡೂ ಕಡೆ ಆಳುತ್ತಿದ್ದುದು ಬಾತ್ ಪಕ್ಷದವರೇ! ಆದ್ರೂ ಗಡಿಗೆ ಸೈನ್ಯ ಬಂತು, ಸೌದಿಯವರು ನಡುವೆ ಬಂದು ಬಿಡಿಸಬೇಕಾಯ್ತು.

ಕಾವೇರಿಯ ಚರಿತ್ರೆ ಬರೆಯೋರು 1924ರ ಮೈಸೂರು-ಮದ್ರಾಸು ಒಪ್ಪಂದ ಮರೆಯೋದಿಲ್ಲ. ಮೂರೇ ವರ್ಷಕ್ಕೆ, 1927ರಲ್ಲಿ, ಅಂಬೇಡ್ಕರ್ ಜೊತೆ ಮಹಾಡದ ಕೆರೆ ನೀರು ಕುಡಿದ ನಮ್ಮೋರು ಏಟು ತಿಂದದ್ದು ನೀರಿನ ಚರಿತ್ರೆಯೊಳಗೆ ಬರೋದೇ ಇಲ್ಲ. 1991ರ ಡಿಸೆಂಬರಿನಲ್ಲಿ ಮಧ್ಯಂತರ ತೀರ್ಪಿನ ಸಿಟ್ಟು ಬೆಂಗಳೂರಲ್ಲಿ ತೀರಿದ್ದು ತಮಿಳು ಕೂಲಿಕಾರರ ಗುಡಿಸಲುಗಳ ಮೇಲೆ. ಊರು ಬಿಟ್ಟು ಓಡಿದ ಆ ಕೂಲಿಗಳಿಗೆ ಕಾವೇರಿ ಹಾಯಿಸೋಕೆ ಯಾವ ಗದ್ದೆಯಿತ್ತು?